ಆಟದ ಮನೆಯ ಬೀಗದ ಕೈ

ನಮ್ಮ ಯಜಮಾನರ ಬಾಯಲ್ಲಿ 'ಇಲ್ಲ' ಅನ್ನುವ ಮಾತು ಹೊರಡುತ್ತಿರಲಿಲ್ಲ. ಮದುವೆಯಾದ ಹೊಸದರಲ್ಲಿ ಇದನ್ನು ನಾನು ಒಳ್ಳೆಯ ಗುಣ ಎಂದುಕೊಂಡಿದ್ದೆ. ಹುಣಸೂರಿನ ಜನ ಬಹಳ ಕಾಲ ಹಾಗೆಯೇ ಅಂದುಕೊಂಡಿದ್ದರು. ಮನೆ ನಡೆಸಬೇಕಾದವಳು ನಾನಾದ್ದರಿಂದ ನನ್ನ ಅಭಿಪ್ರಾಯ ಸ್ವಲ್ಪ ಬೇಗ ಬದಲಾಯಿತು.

ಅವರ ಹೆಸರು ಚಲುವಯ್ಯ. ಬಾಯಿಬಿಟ್ಟು ಹೇಳಿ ನನಗೆ ಅಭ್ಯಾಸವಿಲ್ಲ, ಬರೆಯುವುದಕ್ಕೆ ಅಡ್ಡಿಯಿಲ್ಲ. ತಲೆಗೂದಲು ಕಪ್ಪಗಿದ್ದ ಕಾಲದಿಂದಲೂ ಊರಿನ ಕ್ರೀಡಾ ಮತ್ತು ಮನರಂಜನಾ ಕೇಂದ್ರದ ಕಾರ್ಯದರ್ಶಿ ಅವರೇ. ಬೋರ್ಡಿನ ಮೇಲೆ ಅಷ್ಟುದ್ದ ಹೆಸರಿದ್ದರೂ ಜನರ ಬಾಯಲ್ಲಿ ಅದು ಆಟದ ಮನೆ. ಮೊನ್ನೆ ಸಮಿತಿಯವರು ಒಂದು ಸ್ಮರಣ ಸಂಚಿಕೆ ತಂದರು. ಅದರಲ್ಲಿ ನಮ್ಮವರು 'ಕೇಂದ್ರ ನಡೆದು ಬಂದ ದಾರಿ' ಎಂದು ಒಂದು ಲೇಖನ ಬರೆದಿದ್ದಾರೆ. ಅಧ್ಯಕ್ಷರ ಹೆಸರುಗಳಿವೆ, ದಾನಿಗಳ ಹೆಸರುಗಳಿವೆ. ಆಡಿದವರ ಹೆಸರು ಒಂದೂ ಇಲ್ಲ. ಓದಿ ಮೈ ಉರಿದುಹೋಯಿತು. ಅಲ್ಲಿ ಬಿಟ್ಟುಹೋದದ್ದನ್ನು ನಾನು ಹೇಳುತ್ತೇನೆ.

ನಾನು ಈ ಊರಿಗೆ ಸೊಸೆಯಾಗಿ ಬಂದ ವರ್ಷ ಆ ಕಟ್ಟಡದ ಗೋಡೆ ಏಳುತ್ತಿತ್ತು. ಸುತ್ತಲ ಹಳ್ಳಿಯ ರೈತರು ಗಾಡಿ ಕಟ್ಟಿಕೊಂಡು ಬಂದು ಲಕ್ಷ್ಮಣತೀರ್ಥದ ಮರಳು ಸುರಿದರು. ಸಾಮಿಲ್ಲಿನವರು ತೊಲೆ ಕೊಟ್ಟರು. ಹೊರಗೆ ಕಬಡ್ಡಿಗೆ, ವಾಲಿಬಾಲ್‌ಗೆ ಬಯಲು. ಒಳಗೆ ಕೇರಂ, ಟೇಬಲ್ ಟೆನ್ನಿಸ್, ಪತ್ರಿಕೆ ಓದುವ ಕೋಣೆ. ಎಲ್ಲಕ್ಕಿಂತ ಹೆಚ್ಚಿನದು ಷಟಲ್ ಆಡುವ ದೊಡ್ಡ ಹಾಲು. ಅದಕ್ಕೆ ಮರದ ನೆಲ ಹಾಕಿದವರು ಪೇಟೆ ಬೀದಿಯ ಅಬ್ರಾರ್ ಮೇಸ್ತ್ರಿ. ಹಲಗೆಗೆ ಹಲಗೆ ಕೂಡಿಸಿದ್ದರಲ್ಲಿ ಒಂದು ಕೂದಲು ತೂರುವಷ್ಟೂ ಸಂದು ಇರಲಿಲ್ಲ. ಸುತ್ತಮುತ್ತಲ ತಾಲೂಕುಗಳಲ್ಲಿ ಅಂಥದ್ದು ಬೇರೊಂದಿಲ್ಲ ಎಂದು ಪಿರಿಯಾಪಟ್ಟಣ, ಎಚ್.ಡಿ. ಕೋಟೆ ಕಡೆಯಿಂದ ಜನ ಬಸ್ಸು ಹತ್ತಿ ಬಂದು ನೋಡಿಕೊಂಡು ಹೋಗುತ್ತಿದ್ದರು.

ಹೆಂಗಸರು ಬಾಗಿಲಾಚೆ ನಿಂತು ನೋಡಬೇಕಾಗಿತ್ತು. ನನಗೆ ಅದು ಸರಿಕಾಣಲಿಲ್ಲ. ಹೈಸ್ಕೂಲಿನಲ್ಲಿ ಷಟಲ್ ಆಡಿದ್ದ ಕೈ ನನ್ನದು. ಒಂದು ದಿನ ಊಟಕ್ಕೆ ಬಡಿಸುತ್ತಾ, ಸಂಜೆ ಒಂದು ಗಂಟೆ ನಮಗೆ ಬಿಟ್ಟುಕೊಡಿ ಎಂದು ಕೇಳಿದೆ. ಇಲ್ಲ ಅನ್ನಲಾರದ ಗಂಡನಿಂದ ನನಗಾದ ಒಂದೇ ಲಾಭ ಅದು. ನಾಲ್ಕೂವರೆಯಿಂದ ಐದೂವರೆ ಹೆಂಗಸರ ಹೊತ್ತು ಎಂದಾಯಿತು. ಆ ಹೊತ್ತಿನಲ್ಲಿ ಬಾಗಿಲು ಹಾಕಿಕೊಂಡರೆ ಒಳಗೆ ಒಂದು ಗಂಡು ನೊಣವೂ ಬರುವಂತಿರಲಿಲ್ಲ. ಮೊದಲ ದಿನ ಬಂದವಳು ಅಬ್ರಾರ್ ಮೇಸ್ತ್ರಿಯ ಹೆಂಡತಿ ಜಾನ್ ಬೀ. ಬುರ್ಖಾ ತೆಗೆದು ಕಿಟಕಿಯ ಸರಳಿಗೆ ಸಿಕ್ಕಿಸಿ, ಸೆರಗು ಸೊಂಟಕ್ಕೆ ಬಿಗಿದು, ಬ್ಯಾಟನ್ನು ಸೌಟು ಹಿಡಿದಂತೆ ಹಿಡಿದು ನಿಂತಳು. ತಿಂಗಳು ತುಂಬುವುದರೊಳಗೆ ನನ್ನನ್ನು ಸೋಲಿಸಿದಳು. ಆ ಒಂದು ಗಂಟೆಯಲ್ಲಿ ನಾವು ನಕ್ಕಷ್ಟು ನಮ್ಮ ನಮ್ಮ ಮನೆಗಳಲ್ಲಿ ವರ್ಷವಿಡೀ ನಕ್ಕಿರಲಿಲ್ಲ.

ಆಮೇಲಿನ ಕಾಲವೆಲ್ಲ ಬರೀ ಕೊಟ್ಟಿದ್ದೇ ಕೊಟ್ಟಿದ್ದು. ಬೀಗದ ಕೈ ನಮ್ಮ ಮನೆಯ ನಡುಮನೆಯಲ್ಲಿ ಮೊಳೆಗೆ ನೇತಾಡುತ್ತಿತ್ತು. ಯಾರು ಬಂದು ಕೇಳಿದರೂ ನಮ್ಮವರದು ಒಂದೇ ಮಾತು, "ಆಗ್ಲಿ ಬುಡಪ್ಪ, ತಗಂಡೋಗು." ರಸ್ತೆ ರಿಪೇರಿ ಅಂತ ಸಂತೆಯನ್ನು ಬಯಲಿಗೆ ತಂದರು, ರಸ್ತೆ ಮುಗಿದರೂ ಸಂತೆ ಕದಲಲಿಲ್ಲ. ಪೊಲೀಸರು ಹಿಡಿದ ಗಾಡಿಗಳನ್ನು ನಿಲ್ಲಿಸಿದರು, ಅವು ಅಲ್ಲೇ ತುಕ್ಕು ಹಿಡಿದವು. ಕುಡಿಯುವ ನೀರಿನ ಪೈಪುಗಳನ್ನು ಕಬಡ್ಡಿ ಅಂಕಣದ ಮೇಲೆ ರಾಶಿ ಹಾಕಿದರು. ಟೇಬಲ್ ಟೆನ್ನಿಸ್ ಮೇಜು ಚುನಾವಣೆ ಕೆಲಸಕ್ಕೆ ಹೋಗಿ ಕಾಲು ಮುರಿದುಕೊಂಡು ಬಂತು. ಕೇರಂ ಬೋರ್ಡುಗಳು ಯಾವ ಸಂಘಕ್ಕೆ ಹೋದವೋ, ತಿರುಗಿ ಬರಲೇ ಇಲ್ಲ. ಕೇಳಿದವರೆಲ್ಲ ನಮ್ಮ ಊರಿನವರೇ, ಕೇಳಿದ ಕಾರಣಗಳೂ ಒಳ್ಳೆಯವೇ. ಅದಕ್ಕೇ ಯಾರ ಮೇಲೂ ಸಿಟ್ಟು ಮಾಡಿಕೊಳ್ಳುವ ಹಾಗಿರಲಿಲ್ಲ, ನಾನು ಮಾತ್ರ ಗಂಡನ ಮೇಲೆ ಮಾಡಿಕೊಳ್ಳುತ್ತಿದ್ದೆ.

ಕೊನೆಗೆ ಉಳಿದದ್ದು ಮರದ ನೆಲದ ಹಾಲು ಮತ್ತು ನಮ್ಮ ಹೆಂಗಸರ ಹೊತ್ತು. ಅದನ್ನು ಉಳಿಸಿಕೊಂಡವಳು ತಹಸೀನ್.

ತಹಸೀನ್ ಜಾನ್ ಬೀಯ ಮೊಮ್ಮಗಳು. ಅವಳ ತಂದೆ ಮುಖ್ತಾರ್ ಕೂಡ ಅಪ್ಪನ ಹಾಗೆ ಮರಗೆಲಸದವನು, ಬಾಗಿಲು ಕಿಟಕಿ ಮಾಡುತ್ತಾನೆ. ಚಿಕ್ಕವಳಿದ್ದಾಗಲೇ ಅಜ್ಜಿಯ ಕೈ ಹಿಡಿದು ಬಂದ ಹುಡುಗಿ ಹೋಗುಹೋಗುತ್ತಾ ನಮ್ಮನ್ನೆಲ್ಲ ಕೂರಿಸಿಬಿಟ್ಟಳು. ಅವಳು ಹೊಡೆದ ಷಟಲ್ಲು ಎಲ್ಲಿ ಬಿತ್ತು ಎಂದು ಹುಡುಕುವುದೇ ನಮ್ಮ ಕೆಲಸ. ಜಾನ್ ಬೀಗೆ ಮಂಡಿ ನೋವು ಬಂದ ಮೇಲೆ ಅವಳು ಕುರ್ಚಿ ಹಾಕಿಕೊಂಡು ಕೂತು, "ಔರ್ ಜೋರ್, ಔರ್ ಜೋರ್" ಎಂದು ಕೂಗುತ್ತಿದ್ದಳು. ಎದುರು ಆಡಲು ಕಾಲೇಜಿನ ನಾಲ್ಕಾರು ಹುಡುಗಿಯರೂ ಬರತೊಡಗಿದರು.

ಒಮ್ಮೆ ಅವಳು ಕಾಲೇಜಿನ ಬಯಲಿನಲ್ಲಿ ಆಡಿದ್ದನ್ನು ಯಾರೋ ಪೋಕರಿಗಳು ಮೊಬೈಲಿನಲ್ಲಿ ಹಿಡಿದು, ಹಾಡು ಸೇರಿಸಿ ಊರಿಗೆಲ್ಲ ಹಂಚಿದರು. ಮನೆಯಲ್ಲಿ ಯಾರೂ ಅವಳನ್ನು ಬೈಯಲಿಲ್ಲ. ಅವಳೇ ಬಯಲಿಗೆ ಹೋಗುವುದನ್ನು ಬಿಟ್ಟಳು. ಮೈಸೂರಿಗೆ ದಿನಾ ಓಡಾಡಿ ದುಡ್ಡು ಕೊಟ್ಟು ಆಟ ಕಲಿಯುವ ಅನುಕೂಲವಿರಲಿಲ್ಲ. ಆಟದ ಮನೆಯ ಬಾಗಿಲು ಹಾಕಿದ ಹಾಲು ಒಂದೇ ಅವಳಿಗಿದ್ದ ಜಾಗ. ಹತ್ತೊಂಬತ್ತರೊಳಗಿನ ಹುಡುಗಿಯರ ಜಿಲ್ಲಾ ತಂಡಕ್ಕೆ ಆಯ್ಕೆಯಾಗಬೇಕು ಅನ್ನುವುದು ಅವಳ ಆಸೆ. ಅದು ಅವಳಿಗಿಂತ ಹೆಚ್ಚಾಗಿ ಜಾನ್ ಬೀಯ ಆಸೆ, ನನ್ನ ಆಸೆ. ನಾವು ಆಡಿದ್ದನ್ನು ಯಾರೂ ನೋಡಿರಲಿಲ್ಲ, ಇವಳದ್ದನ್ನಾದರೂ ನಾಲ್ಕು ಜನ ನೋಡಲಿ ಎಂದಿತ್ತು.

ಆಗ ಬಂತು ಆ ಹಾಳು ಮಳೆ. ಹೊಗೆಸೊಪ್ಪಿನ ಹರಾಜು ನಡೆಯುವ ಕಾಲ. ಊರ ತುಂಬ ಟ್ರ್ಯಾಕ್ಟರು, ಟ್ರ್ಯಾಕ್ಟರಿನ ತುಂಬ ಸೊಪ್ಪು ಕಟ್ಟಿದ ಬೇಲು. ವೀರನಹೊಸಹಳ್ಳಿಯ ಮಾದೇಶ ತಲೆಗೆ ಪ್ಲಾಸ್ಟಿಕ್ ಕವರು ಹಾಕಿಕೊಂಡು ನಮ್ಮ ಬಾಗಿಲಿಗೆ ಬಂದು ನಿಂತ. ನಮ್ಮವರಿಗೆ ದೂರದ ನೆಂಟ ಬೇರೆ.

"ಅಣ್ಣ, ಸೊಪ್ಪು ಬೇಯ್ಸೊ ಬ್ಯಾರನ್ ಮ್ಯಾಗಳ ಶೀಟೆಲ್ಲ ಗಾಳಿಗೆ ಆರೋದೊ. ಸೊಪ್ಪು ನೆಂದ್ರೆ ನನ್ ವರ್ಸದ ದುಡಿಮೆ ತಿಪ್ಪೆಗೆ. ಹರಾಜ್ ಕಟ್ಟೇಲಿ ಕಾಲಿಡಕ್ ಜಾಗಿಲ್ಲ. ಎಲ್ಡ್ ದಿನ ಆಟದ್ಮನೇಲಿ ಮಡಿಕತ್ತೀನಿ" ಅಂದ.

"ಅದು ಮರದ ನೆಲ ಕಣಪ್ಪ" ಎಂದು ನಾನು ಒಳಗಿನಿಂದ ಕೂಗಿದೆ.

"ತಾಡಪಾಲ್ ಆಸ್ತೀನಿ ಕಣಕ್ಕ, ಒಂದ್ ಗೀರು ಬೀಳಕಿಲ್ಲ" ಅಂದ ಮಾದೇಶ.

ನಮ್ಮವರು ಆಗಲೇ ಮೊಳೆಯಿಂದ ಬೀಗದ ಕೈ ತೆಗೆದಿದ್ದರು. ಮಾದೇಶನಿಗೆ ಕೊಟ್ಟ ಮೇಲೆ ಅವನ ಊರಿನವರಿಗೆ ಇಲ್ಲ ಅನ್ನುವುದು ಹೇಗೆ? ಸಂಜೆಯ ಹೊತ್ತಿಗೆ ಹಾಲು ತುಂಬಿತು.

ಮಳೆ ಹೋಯಿತು, ಸೊಪ್ಪು ಹೋಗಲಿಲ್ಲ. ಬೆಲೆ ಸಾಲದು ಎಂದು ರೈತರು ಹರಾಜು ನಿಲ್ಲಿಸಿದ್ದರು. ವಾರಗಳು ಕಳೆದವು. ಚಳಿ ಬಿದ್ದು, ಒಣ ಗಾಳಿಗೆ ಎಲೆ ಮುಟ್ಟಿದರೆ ಮುರಿಯುವಂತಾಯಿತು. ಹೊಗೆಸೊಪ್ಪು ಬೆಳೆಯುವವರಿಗೆ ಇದೇನು ಹೊಸದಲ್ಲ. ಎಲೆಗೆ ಹದ ಬರಲಿ ಎಂದು ನೀರು ಚಿಮುಕಿಸಿ, ಮೆತ್ತಗಾದ ಮೇಲೆ ಕೈಹಾಕಿ, ಮತ್ತೆ ಕಟ್ಟುತ್ತಾರೆ. ಮನೆಯ ಸಿಮೆಂಟು ನೆಲದ ಮೇಲೆ, ಕಣದ ಮೇಲೆ ಮಾಡಿ ರೂಢಿ. ಸೊಪ್ಪು ಬಿಡಿಸಲು ಬಂದ ಹೆಂಗಸರು ಇಲ್ಲೂ ಅದನ್ನೇ ಮಾಡಿದರು. ತಾಡಪಾಲನ್ನು ಮೇಲೆ ಹೊದಿಸಿದ್ದರು, ಕೆಳಗೆ ಹಾಸಿರಲಿಲ್ಲ. ಕೊಡಗಟ್ಟಲೆ ನೀರು ಅಬ್ರಾರ್ ಮೇಸ್ತ್ರಿಯ ಹಲಗೆಗಳಿಗೆ ಇಳಿಯಿತು. ನಾನು ಹೋಗಿ ನೋಡುವ ಹೊತ್ತಿಗೆ ಒಬ್ಬಳು ಪುಟ್ಟಸಿದ್ದಮ್ಮ ಅನ್ನುವವಳು ಬೇವಿನ ಸೊಪ್ಪಿನ ಕಟ್ಟನ್ನು ಬಕೆಟ್ಟಿಗೆ ಅದ್ದಿ, ದೇವರ ತೀರ್ಥ ಚಿಮುಕಿಸುವಷ್ಟು ಶ್ರದ್ಧೆಯಿಂದ ಚಿಮುಕಿಸುತ್ತಿದ್ದಳು. ಅವಳನ್ನು ಬೈದು ಏನು ಪ್ರಯೋಜನ? ಅವಳ ಕೆಲಸವನ್ನು ಅವಳು ಚೆನ್ನಾಗಿಯೇ ಮಾಡುತ್ತಿದ್ದಳು.

ಸೊಪ್ಪು ತೆರವಾದಾಗ ನೆಲ ಹಪ್ಪಳದ ಹಾಗೆ ಎದ್ದಿತ್ತು. ಒಂದು ಹಲಗೆ ಉಬ್ಬಿದರೆ ಪಕ್ಕದ್ದು ಕುಸಿದಿತ್ತು. ಒಳಗೆ ಕಾಲಿಟ್ಟರೆ ಘಾಟಿಗೆ ಕೆಮ್ಮು ಬರುತ್ತಿತ್ತು. ತಹಸೀನ್ ಅಷ್ಟು ದಿನವೂ ಮನೆಯ ಹಿಂದಿನ ಸಂದಿಯಲ್ಲಿ ಗೋಡೆಗೆ ಷಟಲ್ಲು ಹೊಡೆದು ಅಭ್ಯಾಸ ಮಾಡಿಕೊಂಡು, ಮೈಸೂರಿಗೆ ಆಯ್ಕೆಗೆ ಹೋದಳು. ಮೊದಲ ಸುತ್ತಿನಲ್ಲೇ ಸೋತು ಬಂದಳು. "ಇನ್ನೊಂದ್ ವರ್ಷ ಐತೆ ಅಜ್ಜಿ, ವಯಸ್ಸು ಮೀರಲ್ಲ" ಎಂದು ನನಗೇ ಸಮಾಧಾನ ಹೇಳಿದಳು.

ಆಟದ ಮನೆಯೊಳಗಿನ ಬೇಲುಗಳ ಫೋಟೋ ಪತ್ರಿಕೆಯಲ್ಲಿ ಬಂತು, ವಾಟ್ಸಾಪಿನಲ್ಲಿ ಬಂತು. ಟೀ ಅಂಗಡಿಯಲ್ಲಿ ಜನ, "ಏನ್ ಚಲುವಣ್ಣ, ಈ ಸಲ ನಿನ್ ಸೊಪ್ಪಿಗೆ ಯಾವ ಗ್ರೇಡ್ ಬಂತು?" ಎಂದು ಕಿಚಾಯಿಸಿದರು. ಕೀ ಇಸಿದುಕೊಂಡು ಉಪಕಾರ ಪಡೆದವರೇ ಹೆಚ್ಚು ನಕ್ಕರು. ನಮ್ಮವರು ಊಟ ಬಿಟ್ಟರು, ಪೇಟೆ ಕಡೆ ಹೋಗುವುದನ್ನು ಬಿಟ್ಟರು. ನನಗೂ ರೇಗಿತ್ತು, "ಇನ್ನಾದ್ರೂ ಇಲ್ಲ ಅನ್ನೋದ್ ಕಲೀರಿ" ಅಂದೆ.

ಮುಖ್ತಾರ್ ಮಾತ್ರ ಹಂಗಿಸಲಿಲ್ಲ. ಬಂದು ನೆಲವನ್ನು ಬಗ್ಗಿ ನೋಡಿ, "ನಮ್ ಅಬ್ಬಾ ಹಾಕಿದ್ ನೆಲ ಅಣ್ಣ. ನಾನೇ ಹಾಕ್ತೀನಿ. ಮಗಳ ಸೆಲೆಕ್ಷನ್ ಹೊತ್ತಿಗೆ ರೆಡಿ ಆಗ್ಬೇಕು, ಅಷ್ಟೇ" ಅಂದ. ಮಾದೇಶ ಕಣ್ಣಲ್ಲಿ ನೀರು ಹಾಕಿಕೊಂಡು, ಪರ್ಮಿಟ್ಟು ಮಾಡಿಸಿ, ತನ್ನ ಹೊಲದ ಬದುವಿನಲ್ಲಿದ್ದ ತೇಗದ ಮರಗಳನ್ನು ಕೊಟ್ಟ. ದಿನದ ಕೆಲಸ ಮುಗಿಸಿ ಸಂಜೆ ಸಂಜೆ ಬಂದು ಮುಖ್ತಾರ್ ಒಂದೊಂದೇ ಹಲಗೆ ಕೂರಿಸಿದ. ರಂಜಾನ್ ತಿಂಗಳಲ್ಲೂ ಸಂಜೆ ಉಪವಾಸ ಮುಗಿಸಿ ನೇರ ಅಲ್ಲಿಗೇ ಬರುತ್ತಿದ್ದ. ತಹಸೀನ್ ಅಪ್ಪನಿಗೆ ಚಹಾ ತಂದುಕೊಟ್ಟು, ಮುಗಿದಷ್ಟು ಜಾಗದಲ್ಲಿ ಬರಿಗಾಲಲ್ಲಿ ಕುಣಿದು ನೋಡಿ, "ಇಲ್ಲಿ ಸರಿಯಾಗಿದೆ ಅಬ್ಬಾ" ಅನ್ನುತ್ತಿದ್ದಳು. ಆಯ್ಕೆಗೆ ಇನ್ನೂ ಸಾಕಷ್ಟು ದಿನವಿರುವಾಗಲೇ ನೆಲ ಸಿದ್ಧವಾಯಿತು. ಹಳೆಯದಕ್ಕಿಂತ ಚೆನ್ನಾಗಿತ್ತು ಅಂದರೆ ಅಬ್ರಾರ್ ಮೇಸ್ತ್ರಿಯ ಆತ್ಮ ಬೇಸರಪಡಲಾರದು.

ಇಷ್ಟರಲ್ಲಿ ನಮ್ಮವರು ನಿಜವಾಗಿಯೂ ಕಲಿತುಬಿಟ್ಟಿದ್ದರು. ಮೊದಲು ಮದುವೆಗೆ ಆಟದ ಮನೆ ಕೇಳಿ ಬಂದ ಚನ್ನಬಸವಣ್ಣನಿಗೆ ಇಲ್ಲ ಅಂದರು. ಅಂದವರೇ ಒಳಗೆ ಬಂದು ಒಂದು ಚೊಂಬು ನೀರು ಕುಡಿದರು. ಆಮೇಲೆ ಯಾವುದೋ ಪುಢಾರಿಯ ಹುಟ್ಟುಹಬ್ಬಕ್ಕೆ ಇಲ್ಲ ಅಂದರು. ಯೋಗ ಶಿಬಿರಕ್ಕೂ ಇಲ್ಲ ಅಂದರು. ಬೀಗದ ಕೈ ಗೋಡೆಯ ಮೊಳೆಯಿಂದ ಅವರ ಉಡಿದಾರಕ್ಕೆ ಹೋಯಿತು. ಊರು ಬೆರಗಾಯಿತು. ನನಗೆ ಹೆಮ್ಮೆಯಾಗಿ ಒಂದು ದಿನ ಪಾಯಸ ಮಾಡಿದೆ.

ನೆಲ ಒಣಗಿ ಪಾಲಿಶ್ ಆದ ಮೇಲೆ ತಹಸೀನ್ ನಾಲ್ಕೂವರೆಗೆ ಬ್ಯಾಟು ಹಿಡಿದುಕೊಂಡು ಬಂದಳು. ನಾನೂ ಜೊತೆಗಿದ್ದೆ. ನಮ್ಮವರು ಬಾಗಿಲಿಗೆ ಅಡ್ಡ ನಿಂತಿದ್ದರು.

"ಈಗ್ ಬ್ಯಾಡ ಮಗಾ. ಮಂತ್ರಿಗೋಳು ಬಂದು ಉದ್ಘಾಟ್ನೆ ಆಗ್ಬೇಕು. ಅಲ್ಲೀಗಂಟ ಒಂದ್ ಗೀರೂ ಬೀಳಬಾರ್ದು."

"ಯಾವತ್ತು ತಾತ?"

"ಡೇಟ್ ಕೊಟ್ಟಿಲ್ಲ. ಕೊಡ್ತಾರೆ."

ಅವಳು ಆಗಲಿ ಅಂದು ಹೋದಳು. ನಾನು ಹೋಗಲಿಲ್ಲ. ನಡುಬೀದಿಯಲ್ಲೇ ಜಗಳಕ್ಕೆ ನಿಂತೆ. ಹೆಂಗಸರ ಹೊತ್ತು ನಿಮ್ಮ ಮಂತ್ರಿ ಕೊಟ್ಟದ್ದಲ್ಲ ಅಂದೆ. ಮನೆಗೆ ಬಂದೂ ಅಂದೆ. ಮಾರನೆಯ ದಿನವೂ ಅಂದೆ. ಅವರು ಗೋಡೆ ನೋಡಿಕೊಂಡು, "ಊರ್ ಮುಂದೆ ಇನ್ನೊಂದ್ ಸಲ ನಗೆಪಾಟಲಾಗಕ್ ನನ್ ಕೈಲಾಗಕಿಲ್ಲ ಕಣೆ" ಅಂದರು. ಆ ದನಿ ಕೇಳಿ ನನಗೆ ಅಯ್ಯೋ ಅನ್ನಿಸಿತು. ಅನ್ನಿಸಿದ್ದು ತಪ್ಪಲ್ಲ, ಆದರೆ ಅದರಿಂದ ಆ ಹುಡುಗಿಗೆ ಏನೂ ಉಪಯೋಗವಾಗಲಿಲ್ಲ.

ಮಂತ್ರಿಗಳು ಒಂದು ಡೇಟು ಕೊಟ್ಟರು, ತಪ್ಪಿಸಿದರು. ಇನ್ನೊಂದು ಕೊಟ್ಟರು, ಅದೂ ತಪ್ಪಿತು. ಆಯ್ಕೆ ಹತ್ತಿರ ಬಂತು. ಆಗ ಒಂದು ಬೆಳಿಗ್ಗೆ ಮುಖ್ತಾರ್ ಮನೆಗೆ ಬಂದ. ಕೂರು ಅಂದರೂ ಕೂರಲಿಲ್ಲ. ನಾನು ಕಂಡಂತೆ ಅವನು ಯಾರ ಮನೆ ಬಾಗಿಲಲ್ಲೂ ಏನನ್ನೂ ಕೇಳಿ ನಿಂತವನಲ್ಲ.

"ಅಣ್ಣ, ದಿನಾ ಒಂದ್ ಗಂಟೆ. ಶೂ ಬೇಡ, ಬರಿಗಾಲಲ್ಲೇ ಆಡ್ತಾಳೆ. ಗೀರು ಬಿದ್ರೆ ನಾನೇ ತೀಡಿ ಕೊಡ್ತೀನಿ."

ನಮ್ಮವರ ಮುಖ ಕೆಂಪಾಯಿತು. ಉಡಿದಾರದ ಕಡೆಗೆ ಹೋದ ಕೈ ಅಲ್ಲೇ ನಿಂತಿತು. "ನಿಂಗ್ ಕೊಟ್ರೆ ನಾಳೀಕೆ ಎಲ್ರೂ ಬತ್ತಾರೆ ಕಣೋ ಮುಖ್ತಾರು. ಚನ್ನಬಸವಣ್ಣನ್ಗೆ ಇಲ್ಲ ಅಂದಿವ್ನಿ. ನಿನ್ ಮಗ್ಳಿಗೆ ಮಾತ್ರ ಹೆಂಗೆ ಅಂತ ಕೇಳಿದ್ರೆ ಏನ್ ಯೋಳ್ಲಿ? ಇಲ್ಲ ಅಂದ್ರೆ ಎಲ್ರಿಗೂ ಇಲ್ಲ ಅನ್ಬೇಕು."

"ನಾನು ನೆಲ ಹಾಕಿದ್ದು ಅವ್ಳು ಆಡ್ಲಿ ಅಂತ ಅಣ್ಣ."

"ಇಲ್ಲ ಕಣಪ್ಪ" ಅಂದರು ನಮ್ಮವರು.

ಮುಖ್ತಾರ್ ನನ್ನ ಕಡೆ ನೋಡಿ, "ಬರ್ತೀನಿ ಅಕ್ಕ" ಎಂದು ಹೋದ. ಕೇಳಿದವರಿಗೆಲ್ಲ ಆಗಲಿ ಅಂದು ಇಡೀ ಬಯಲನ್ನೇ ಕೊಟ್ಟ ಮನುಷ್ಯ, ಯಾರಿಗೆ ಕೊಡಲೇಬೇಕಾಗಿತ್ತೋ ಅವನಿಗೆ ಇಲ್ಲ ಅಂದರು. ಅವತ್ತು ನಾನು ಅವರಿಗೆ ಊಟ ಬಡಿಸಲಿಲ್ಲ.

ಆ ವರ್ಷ ತಹಸೀನ್ ಆಯ್ಕೆಗೆ ಹೋಗಲೇ ಇಲ್ಲ. ಹೋಗು ಎಂದು ನಾನು ಅವಳ ಮನೆಗೆ ಹೋಗಿ ಬೇಡಿದೆ. "ಕೈ ಓಡಲ್ಲ ಅಜ್ಜಿ. ಹೋಗಿ ಸುಮ್ನೆ ನಿಂತ್ಕೊಂಡು ಬರ್ಲಾ?" ಅಂದಳು. ಜಾನ್ ಬೀ ಮಂಚದ ಮೇಲೆ ಗೋಡೆಯ ಕಡೆ ತಿರುಗಿ ಮಲಗಿದ್ದಳು. ಅಷ್ಟು ವರ್ಷದ ಸ್ನೇಹದಲ್ಲಿ ಅವಳು ನನಗೆ ಬೆನ್ನು ತೋರಿಸಿದ್ದು ಅದೇ ಮೊದಲು.

ಉದ್ಘಾಟನೆ ಆಮೇಲೆ ಆಯಿತು. ಮಂತ್ರಿಗಳು ಚಪ್ಪಲಿ ಬಿಟ್ಟು ಒಳಗೆ ಬಂದು, ಟೇಪು ಕತ್ತರಿಸಿ, ಬ್ಯಾಟು ಹಿಡಿದು ಫೋಟೋಗೆ ಎರಡು ಏಟು ಹೊಡೆದರು, ಎರಡೂ ನೆಟ್ಟಿಗೆ ಬಡಿದವು. ನೆಲದಲ್ಲಿ ಮುಖ ಕಾಣುತ್ತದೆ ಎಂದು ಹೊಗಳಿದರು. ಮೇಸ್ತ್ರಿ ಮುಖ್ತಾರ್ ಅವರಿಗೆ ಸನ್ಮಾನ ಎಂದು ಮೈಕಿನಲ್ಲಿ ಕರೆದರು. ಅವನು ಬಂದಿರಲಿಲ್ಲ. ಮತ್ತೊಮ್ಮೆ ಕರೆದರು. ಶಾಲು, ಹಾರ, ಹಣ್ಣಿನ ತಟ್ಟೆ ಹಿಡಿದುಕೊಂಡು ನಮ್ಮವರು ವೇದಿಕೆಯ ಮೇಲೆ ಒಬ್ಬರೇ ನಿಂತಿದ್ದರು. ಜನ ಅದನ್ನು ಗಮನಿಸಲಿಲ್ಲ, ಊಟದ ಕಡೆ ಎದ್ದಿದ್ದರು. ನಾನು ಗಮನಿಸಿದೆ. ಅವರ ಮುಖದಲ್ಲಿ ಏನೋ ಕುಸಿದದ್ದು ನನಗೆ ಕಂಡಿತು.

ಮಾರನೆಯ ದಿನ ಅವರೇ, "ಬಾ, ಹೋಗ್ಬುಟ್ ಬರನ" ಅಂದರು. ಶಾಲು ಕೈಯಲ್ಲಿತ್ತು. ಮುಖ್ತಾರ್ ಎದ್ದು ನಿಂತು ಕುರ್ಚಿ ಕೊಟ್ಟ. ಶಾಲನ್ನು ಎರಡೂ ಕೈಯಲ್ಲಿ ತೆಗೆದುಕೊಂಡು ಕಣ್ಣಿಗೊತ್ತಿ ಪಕ್ಕಕ್ಕಿಟ್ಟ. ತಹಸೀನ್ ಚಹಾ ತಂದಳು. ಈಗ ನರ್ಸಿಂಗ್ ಸೇರಿದ್ದೇನೆ, ಬೆಳಗಿನ ಬಸ್ಸಿಗೆ ಮೈಸೂರಿಗೆ ಹೋಗಿ ರಾತ್ರಿ ಬರುತ್ತೇನೆ, ಇವತ್ತು ರಜ ಎಂದು ನನಗೆ ಹೇಳಿದಳು.

ನಮ್ಮವರು ಉಡಿದಾರದಿಂದ ಬಿಚ್ಚಿ ಬೀಗದ ಕೈಯನ್ನು ಟೀಪಾಯಿಯ ಮೇಲಿಟ್ಟರು. "ಇದು ನಿಂದೇ ಮಗಾ. ಯಾವಾಗ ಬೇಕಾದ್ರೂ ತಕ್ಕಂಡು ಆಡು. ಯಾರ್ ಬಂದು ಏನ್ ಕೇಳಿದ್ರೂ ನಾನ್ ಜವಾಬು ಕೊಟ್ಕತ್ತೀನಿ."

ತಹಸೀನ್ ಅದನ್ನು ತೆಗೆದು, ಬಗ್ಗಿ, ಅವರ ಅಂಗೈಯಲ್ಲಿ ಇಟ್ಟು, ಬೆರಳುಗಳನ್ನು ಮಡಿಸಿದಳು.

"ನನ್ ವಯಸ್ಸು ಮುಗೀತಲ್ಲ ತಾತ. ನೆಲ ಚೆನ್ನಾಗಿ ನೋಡ್ಕೊಳ್ಳಿ. ಅಬ್ಬಾ ಕಷ್ಟಪಟ್ಟು ಹಾಕಿದಾರೆ" ಅಂದಳು. ಸಿಟ್ಟಿನಿಂದ ಅನ್ನಲಿಲ್ಲ, ವ್ಯಂಗ್ಯವಾಗಿ ಅನ್ನಲಿಲ್ಲ. ಚಹಾ ಆರುತ್ತಿದೆ ಕುಡಿಯಿರಿ ಎಂದೂ ಹೇಳಿದಳು.

ವಾಪಸು ಬರುವಾಗ ಆಟದ ಮನೆಯ ಮುಂದೆಯೇ ಬರಬೇಕು. ಅಲ್ಲಿ ನಮ್ಮವರ ನಡಿಗೆ ನಿಧಾನವಾಯಿತು. "ಆ ಮಗ ನನ್ನ ಒಂದ್ ಮಾತು ಬೈಬೋದಾಗಿತ್ತು ಕಣೆ" ಅಂದರು. ಆಮೇಲೆ ನನ್ನ ಕಡೆ ತಿರುಗಿ, "ನೀನಾದ್ರೂ ಬಯ್ಯೆ ರುಕ್ಮಿಣಿ" ಅಂದರು.

ಮದುವೆಯಾದಾಗಿನಿಂದ ಅವರನ್ನು ಬೈದುಕೊಂಡೇ ಬಂದವಳು ನಾನು. ಅವತ್ತು ಬೈಯಲಿಲ್ಲ. ಮನೆಗೆ ಹೋಗಿ ಒಲೆ ಹಚ್ಚಿದೆ.